ಮಾತು ಎತ್ತಿಕೊಡುವವಳು

ನಾಗಪುರದ ಮಲಪ್ರಭಾ ಕನ್ನಡ ಬಳಗದವರು ವರ್ಷಕ್ಕೊಂದು ನಾಟಕ ಆಡುತ್ತಿದ್ದರು, ಸಂಕ್ರಾಂತಿ ಮುಗಿದ ಮೊದಲ ಭಾನುವಾರ. ನಾಟಕದ ಕರಪತ್ರದಲ್ಲಿ ಎಲ್ಲರ ಹೆಸರೂ ಇರುತ್ತಿತ್ತು. ಪಾತ್ರ ಮಾಡಿದವರು, ಬಣ್ಣ ಹಚ್ಚಿದವರು, ದೀಪದವರು, ಪರದೆ ಎಳೆಯುವ ದೊಡ್ಡಯ್ಯ, ಕೊನೆಗೆ ಚಹಾ ಮತ್ತು ಸಾಬೂದಾಣಿ ವಡೆ ತಂದುಕೊಟ್ಟ ಹೋಟೆಲಿನವನು ಕೂಡ. ಇಪ್ಪತ್ತೆರಡು ವರ್ಷಗಳಲ್ಲಿ ಒಮ್ಮೆಯೂ ಅಚ್ಚಾಗದಿದ್ದ ಹೆಸರೆಂದರೆ ವಸುಧಾಳದು. ಅವಳು ರಂಗದ ಎಡಗಡೆ ವಿಂಗಿನ ಮರೆಯ ಕತ್ತಲಲ್ಲಿ ಸ್ಟೂಲಿನ ಮೇಲೆ ಕೂತು, ಮರೆತವರಿಗೆ ಮಾತು ಎತ್ತಿಕೊಡುತ್ತಿದ್ದಳು.

ಹಾಗಂತ ಯಾರಿಗೂ ಅವಳ ಮೇಲೆ ಸಿಟ್ಟಿರಲಿಲ್ಲ. ಪ್ರಾಂಪ್ಟರಿನ ಹೆಸರು ಹಾಕಿದರೆ ನಟರಿಗೆ ಮಾತು ಬಾಯಿಗೆ ಬಂದಿಲ್ಲವೆಂದು ನಾವೇ ಡಂಗುರ ಹೊಡೆದಂತಾಗುತ್ತದೆ ಎಂಬುದು ಬಳಗದ ಹಿರಿಯರ ವಾದ. ನಿಜ ಏನೆಂದರೆ ಮಾತು ಯಾರ ಬಾಯಿಗೂ ಬರುತ್ತಿರಲಿಲ್ಲ. ರೈಲ್ವೆಯವರು, ಬ್ಯಾಂಕಿನವರು, ಆರ್ಡ್‌ನನ್ಸ್ ಫ್ಯಾಕ್ಟರಿಯವರು ಡ್ಯೂಟಿ ಮುಗಿಸಿ ಬಂದು ಎಂಟು ದಿನ ತಾಲೀಮು ಮಾಡಿದರೆ ಅದೇ ಹೆಚ್ಚು. ಅವರ ಮಕ್ಕಳಿಗಂತೂ ಕನ್ನಡ ಓದಲಿಕ್ಕೇ ಬರುತ್ತಿರಲಿಲ್ಲ. ಅವರಿಗಾಗಿ ವಸುಧಾ ಕನ್ನಡದ ಮಾತುಗಳನ್ನು ದೇವನಾಗರಿ ಅಕ್ಷರದಲ್ಲಿ ಬರೆದು ಕೊಡುತ್ತಿದ್ದಳು. ಉಸಿರು ಎಳೆಯುವಲ್ಲಿ ಕೆಂಪು ಪೆನ್ನಿನಲ್ಲಿ ಒಂದು ಗೆರೆ, ಸುಮ್ಮನೆ ನಿಲ್ಲುವಲ್ಲಿ ಎರಡು ಗೆರೆ, ತಪ್ಪದೇ ಮರೆಯುವಲ್ಲಿ ಒಂದು ಸೊನ್ನೆ. ಅವಳ ಗಂಡ ಉಮಾಪತಿಯ ಹಾಳೆಯಲ್ಲಿ ಸೊನ್ನೆಗಳೇ ಜಾಸ್ತಿ.

ಉಮಾಪತಿ ರೈಲ್ವೆ ಪಾರ್ಸೆಲ್ ಆಫೀಸಿನಲ್ಲಿ ಹೆಡ್ ಕ್ಲಾರ್ಕ್, ಬಳಗದಲ್ಲಿ ಖಾಯಂ ರಾಜ. ಹುಬ್ಬಳ್ಳಿಯಿಂದ ವರ್ಗವಾಗಿ ಬಂದ ವರ್ಷವೇ ತಲೆಗೇರಿಸಿಕೊಂಡ ಕಿರೀಟವನ್ನು ಆಮೇಲೆ ಇಳಿಸಲೇ ಇಲ್ಲ. ದನಿ ದೊಡ್ಡದು, ನಿಲುವು ದೊಡ್ಡದು, ನೆನಪೊಂದು ಅಷ್ಟಕ್ಕಷ್ಟೇ. ಹೆಂಡತಿ ಕೊಟ್ಟ ಮಾತನ್ನು ಎತ್ತಿಕೊಂಡು ಗುಡುಗಿ, ಮನೆಗೆ ಬಂದ ಮೇಲೆ "ಇವತ್ತ ಒಂದೂ ಮಾತು ತಪ್ಪಲಿಲ್ಲ ನೋಡು" ಎನ್ನುತ್ತಿದ್ದ. ಸುಳ್ಳು ಹೇಳುತ್ತಿರಲಿಲ್ಲ, ಪಾಪ, ನಿಜವಾಗಿಯೂ ಹಾಗೇ ನಂಬಿದ್ದ. ಪ್ರಾಂಪ್ಟರಿಗೆ ಇದಕ್ಕಿಂತ ದೊಡ್ಡ ಸರ್ಟಿಫಿಕೇಟ್ ಏನಿದೆ ಎಂದು ವಸುಧಾ ಮೊದಲ ಹತ್ತು ವರ್ಷ ಸಮಾಧಾನ ಮಾಡಿಕೊಂಡಳು. ಆಮೇಲಾಮೇಲೆ ಅದು ಸ್ವಲ್ಪ ಸ್ವಲ್ಪವೇ ಚುಚ್ಚತೊಡಗಿತು.

೧೯೯೮ರ ನವೆಂಬರ್‌ನಲ್ಲಿ ಧರಮಪೇಠದ ಅವರ ಮನೆಯ ಮಹಡಿಗೆ ಕರೀನ್ ಎಂಬ ಸ್ವೀಡನ್ನಿನ ಇಂಜಿನಿಯರ್ ಬಾಡಿಗೆಗೆ ಬಂದಳು. ಕೋರಾಡಿಯ ವಿದ್ಯುತ್ ಕೇಂದ್ರದಲ್ಲಿ ಯಾವುದೋ ಯಂತ್ರ ಕೂಡಿಸುವ ಕೆಲಸ. ಚಳಿಗಾಲ ಕಳೆಯಲೆಂದು ಅವಳ ಜೊತೆ ಬಂದವರು ಅವಳ ಅಪ್ಪ, ಎಪ್ಪತ್ತೆರಡು ವರ್ಷದ ಆಲ್ಬಿನ್ ಲಿಂಡ್‌ವಾಲ್. ಬಾಗಿಲಿನ ಚೌಕಟ್ಟಿಗೆ ತಲೆ ತಾಗುವಷ್ಟು ಎತ್ತರದ ಮನುಷ್ಯ. ಊರಿನಲ್ಲಿ ನಾಟಕದ ನಟರಾಗಿದ್ದರು ಎಂದು ಕರೀನ್ ಹೇಳಿದಾಗ ಉಮಾಪತಿ ಎದೆ ಉಬ್ಬಿಸಿ, "ಐ ಆಲ್ಸೋ ಆ್ಯಕ್ಟರ್" ಎಂದು ಕೈ ಕುಲುಕಿದ. ಓಣಿಯ ಮರಾಠಿ ಜನ ಮೂರೇ ದಿನದಲ್ಲಿ ಅವರನ್ನು ಆಜೋಬಾ ಮಾಡಿಕೊಂಡರು. ವಸುಧಾಳ ಮನೆಯಲ್ಲಿ ಅವರು ಅಜ್ಜಾರು.

ಅಜ್ಜಾರಿಗೆ ಬೆಳಗಿನ ಬಿಸಿಲಲ್ಲಿ ಮಹಡಿಯ ತೆರೆದ ಗಚ್ಚಿಯ ಮೇಲೆ ಅಡ್ಡಾಡುವ ಅಭ್ಯಾಸ. ಅಡ್ಡಾಡುತ್ತ ತಮ್ಮ ಭಾಷೆಯಲ್ಲಿ ಏನನ್ನೋ ಹೇಳಿಕೊಳ್ಳುತ್ತಿದ್ದರು. ಕೆಳಗೆ ಹಿತ್ತಲಲ್ಲಿ ಬಟ್ಟೆ ತೊಳೆಯುತ್ತಿದ್ದ ವಸುಧಾಳಿಗೆ ಒಂದಕ್ಷರವೂ ತಿಳಿಯುತ್ತಿರಲಿಲ್ಲ. ಆದರೆ ಮೂರನೆಯ ದಿನ ಅವಳ ಕೈ ತಾನಾಗಿ ನಿಂತಿತು. ಅಜ್ಜಾರು ನಿನ್ನೆ ನಿಂತ ಜಾಗದಲ್ಲೇ ಇವತ್ತೂ ನಿಂತಿದ್ದರು. ಮತ್ತೆ ಮೊದಲಿನಿಂದ ಶುರು ಮಾಡಿದರು, ಮತ್ತೆ ಅಲ್ಲೇ ನಿಂತರು. ಭಾಷೆ ಯಾವುದಾದರೇನು, ಮಾತು ಮರೆತವನ ಮೌನವನ್ನು ವಸುಧಾ ಗುರುತಿಸದೇ ಇರುತ್ತಾಳೆಯೇ? ಬೇಕೆಂದೇ ಸುಮ್ಮನಾದವನ ಉಸಿರು ಬೇರೆ, ಮುಂದಿನ ಮಾತಿಗಾಗಿ ತಡಕಾಡುವವನ ಉಸಿರು ಬೇರೆ. ಇಪ್ಪತ್ತೆರಡು ವರ್ಷ ಅವಳು ಕೇಳಿದ್ದು ಅದನ್ನೇ.

ಡಿಸೆಂಬರ್ ಮೊದಲ ವಾರ ಬಳಗದ ಅಧ್ಯಕ್ಷ ಬಿಂದುಮಾಧವರಾಯರು ಮನೆಗೆ ಬಂದರು. ಬ್ಯಾಂಕಿನಲ್ಲಿ ಮ್ಯಾನೇಜರಾಗಿ ನಿವೃತ್ತರಾದವರು, ಯಾವ ವಿಷಯವನ್ನೂ ಠರಾವು ಮಾಡಿಯೇ ಮಾತಾಡುವವರು.

"ವೈನಿ, ನಿಮ್ಮ ಮಹಡಿ ಮ್ಯಾಲೆ ಅಂತರರಾಷ್ಟ್ರೀಯ ಕಲಾವಿದರು ಇದ್ದಾರಂತ. ನಮ್ಮ ವಾರ್ಷಿಕೋತ್ಸವದಾಗ ಅವರದೊಂದು ಹದಿನೈದು ನಿಮಿಷ ಇಡೋಣ ಅಂತ ಅದ. ಏನಂತೀರಿ?"

ಎಲ್ಲರೂ ಕೂಡಿ ಮಹಡಿ ಹತ್ತಿದರು. ಅಜ್ಜಾರು ಚಹಾ ಕೊಟ್ಟರು, ಮಾತನ್ನೆಲ್ಲ ಕೇಳಿದರು, ಆಮೇಲೆ ತಲೆಯಾಡಿಸಿ ಆಗದು ಎಂದರು. ಕಾರಣ ಹೇಳಲಿಲ್ಲ. ಮರೆವಿನ ಭಯ ಇರಬೇಕೆಂದು ಉಮಾಪತಿಗೆ ಹೊಳೆದದ್ದು ಒಳ್ಳೆಯದೇ, ಅದನ್ನು ಪರಿಹರಿಸಲು ಹೋದದ್ದು ಮಾತ್ರ ಎಡವಟ್ಟಾಯಿತು. ನಾಗಪುರದಲ್ಲಿ ಯಾರಿಗೂ ಸ್ವೀಡಿಷ್ ಬರುವುದಿಲ್ಲ, ಬಾಯಿಗೆ ಬಂದದ್ದು ಹೇಳಿದರೂ ಚಪ್ಪಾಳೆ ಗ್ಯಾರಂಟಿ ಎಂದುಬಿಟ್ಟ.

ಅಜ್ಜಾರು ಅವನ ಮುಖವನ್ನೇ ನೋಡಿ, "ನನಗೆ ಬರುತ್ತದಲ್ಲ" ಎಂದರು.

ಆ ಮಾತು ವಸುಧಾಳಿಗೆ ನಾಟಿತು. ಇಡೀ ದಿನ ಒಗ್ಗರಣೆ ಹಾಕುವಾಗ, ಶಾಲೆಯಲ್ಲಿ ಭೂಗೋಳದ ಪಾಠ ಮಾಡುವಾಗ, ಅದೇ ತಲೆಯಲ್ಲಿ ಸುತ್ತಿತು. ಮರುದಿನ ಬೆಳಿಗ್ಗೆ ಒಗೆದ ಬಟ್ಟೆಯ ಬಕೀಟು ಹೊತ್ತು ಗಚ್ಚಿಗೇ ಹೋದಳು. ಅಜ್ಜಾರು ಶುರು ಮಾಡಿದರು, ಅಲ್ಲಿಗೆ ಬಂದರು, ನಿಂತರು. ಎಡಗೈ ಹೆಬ್ಬೆರಳು ತೋರುಬೆರಳನ್ನು ಉಜ್ಜತೊಡಗಿತು. ತಂತಿಗೆ ಸೀರೆ ಹರವುತ್ತಿದ್ದ ವಸುಧಾ, ತಿರುಗಿ ಕೂಡ ನೋಡದೆ, ಅರ್ಧ ದನಿಯಲ್ಲಿ "ಹಾವೆತ್" ಎಂದಳು.

ಅಜ್ಜಾರು ಗಕ್ಕನೆ ತಿರುಗಿದರು. ದಿನಾ ನಾಲ್ಕಾರು ಸಲ ತಡವರಿಸಿ ಕೊನೆಗೆ ಅವರಿಗೇ ಹೊಳೆಯುತ್ತಿದ್ದ ಶಬ್ದ ಅದು, ಅವಳ ಕಿವಿಯಲ್ಲಿ ಕೂತುಬಿಟ್ಟಿತ್ತು.

"ನಿಮಗೆ ನಮ್ಮ ಭಾಷೆ ಬರುತ್ತದೆಯೇ?"

"ಇಲ್ಲ. ಅದರ ಅರ್ಥ ಏನು?"

"ಸಮುದ್ರ" ಎಂದರು ಅಜ್ಜಾರು. ಪಕ್ಕದ ನೀರಿನ ಟಾಕಿಯ ಕಟ್ಟೆಯ ಮೇಲೆ ಕೂತುಬಿಟ್ಟರು. ಕಣ್ಣಲ್ಲಿ ನೀರು ತುಂಬಿತ್ತು, ಅದನ್ನು ಒರೆಸಿಕೊಳ್ಳಲು ಅವರು ನಾಚಲೂ ಇಲ್ಲ.

ಆವತ್ತು ಅವರು ತಮ್ಮ ಕಥೆಯನ್ನೆಲ್ಲ ಹೇಳಿದರು. ಇಬ್ಬರ ಇಂಗ್ಲಿಷೂ ಅಷ್ಟಕ್ಕಷ್ಟೇ ಆಗಿದ್ದರಿಂದ ಮಾತು ಸಲೀಸಾಗಿ ಸಾಗಿತು. ಹುಟ್ಟಿದ್ದು ಉತ್ತರದ ಕಡೆ, ಮರ ಕೊಯ್ಯುವ ಮಿಲ್ಲಿನ ಊರಿನಲ್ಲಿ. ಅಪ್ಪ ಹೊಳೆಯಲ್ಲಿ ದಿಮ್ಮಿ ತೇಲಿಸುವ ಕೆಲಸದವನು. ಮಗ ಹತ್ತೊಂಬತ್ತನೇ ವರ್ಷಕ್ಕೆ ಗೋಟೆಬೋರ್ಗ್ ಎಂಬ ಬಂದರಿಗೆ ಬಂದು ನಾಟಕದ ಕಂಪನಿ ಸೇರಿದ. ಎರಡು ವರ್ಷ ಭರ್ಜಿ ಹಿಡಿದು ನಿಲ್ಲುವ ಸಿಪಾಯಿ. ಮೂರನೇ ವರ್ಷ ಸಿಕ್ಕ ಮೊದಲ ಮಾತು, "ಕುದುರೆ ಸಿದ್ಧವಾಗಿದೆ." ಅದನ್ನು ತೊಂಬತ್ತು ಸಲ ಹೇಳಿದರಂತೆ, ತೊಂಬತ್ತೂ ಸಲ ಎದೆ ಹೊಡೆದುಕೊಂಡಿತಂತೆ. ಸಮುದ್ರದ ದೀಪಸ್ತಂಭ ಕಾಯುವ ಒಬ್ಬ ಮುದುಕನ ನಾಟಕ ಆ ಕಡೆ ಬಹಳ ಹೆಸರಾದದ್ದು. ಅದರಲ್ಲಿ ಇವರು ಇಪ್ಪತ್ತನಾಲ್ಕಕ್ಕೆ ಮುದುಕನ ಮಗನಾದರು, ನಲವತ್ತೈದಕ್ಕೆ ಹಡಗಿನ ಕಪ್ತಾನನಾದರು, ಅರವತ್ತಕ್ಕೆ ಆ ಮುದುಕನೇ ಆದರು. ಆ ಒಂದು ಪಾತ್ರವನ್ನೇ ನೂರ ನಲವತ್ತು ಸಲ ಮಾಡಿದರು. ಜನ ರಸ್ತೆಯಲ್ಲಿ ಟೊಪ್ಪಿಗೆ ತೆಗೆದು ನಮಸ್ಕಾರ ಮಾಡುತ್ತಿದ್ದರಂತೆ.

"ನೂರ ನಲವತ್ತು ಸಲವೂ ನಾನೊಬ್ಬನೇ ಮಾಡಲಿಲ್ಲ" ಎಂದರು ಅಜ್ಜಾರು. "ಮಾರ್ತಾ ಇದ್ದಳು."

ಮಾರ್ತಾ ಅವರ ಕಂಪನಿಯ ಪ್ರಾಂಪ್ಟರ್. ರಂಗದ ಮುಂಭಾಗದಲ್ಲಿ ನೆಲದೊಳಗೆ ಒಂದು ಗೂಡು, ಅದರಲ್ಲಿ ಮೂವತ್ತೊಂದು ವರ್ಷ ಕೂತವಳು. ಅಲ್ಲಿ ಅದೊಂದು ನೌಕರಿ, ಕರಪತ್ರದಲ್ಲಿ ಹೆಸರು ಹಾಕುತ್ತಾರೆ ಎಂದು ಕೇಳಿ ವಸುಧಾ ಬಾಯಿ ಬಿಟ್ಟಳು. ಆಟ ಮುಗಿದ ಮೇಲೆ ಅಜ್ಜಾರು ಮೊದಲು ಆ ಗೂಡಿಗೆ ತಲೆಬಾಗಿ, ಆಮೇಲೆ ಜನಕ್ಕೆ ನಮಸ್ಕಾರ ಮಾಡುತ್ತಿದ್ದರಂತೆ. ಎರಡು ವರ್ಷದ ಹಿಂದೆ ಮಾರ್ತಾ ತೀರಿಕೊಂಡಳು. ಅದಾದ ಮೇಲೆ ಅವರು ಒಂದೇ ಸಲ ರಂಗಕ್ಕೆ ಹೋದರು. ನಡುವೆ ಮಾತು ಹೋಯಿತು, ಬರಲೇ ಇಲ್ಲ. ಯಾರೋ ಗಾಬರಿಯಾಗಿ ಪರದೆ ಬಿಟ್ಟರು. ಅಜ್ಜಾರು ಕೋಟು ಹಾಕಿಕೊಂಡು ಮನೆಗೆ ಹೋದವರು ಮತ್ತೆ ಆ ಕಟ್ಟಡಕ್ಕೆ ಕಾಲಿಡಲಿಲ್ಲ.

"ಐವತ್ತು ವರ್ಷದ ನನ್ನ ನಟನೆ ಆ ಪರದೆ ಬಿದ್ದ ಸದ್ದಿನಲ್ಲಿ ಮುಗಿಯಿತು. ಹಾಗೆ ಮುಗಿಯಬಾರದಿತ್ತು" ಎಂದರು.

ವಸುಧಾ ಖಾಲಿ ಬಕೀಟು ಕೆಳಗಿಟ್ಟಳು. "ಹದಿನೈದು ನಿಮಿಷದ ಮಾತು ನನಗೆ ಕೊಡಿ" ಎಂದಳು. "ಮಾರ್ತಾ ಅವರ ಜಾಗದಲ್ಲಿ ನಾನು ಕೂಡುತ್ತೇನೆ."

ಹೇಳುವುದು ಹೇಳಿಬಿಟ್ಟಳು, ಮೆಟ್ಟಿಲು ಇಳಿಯುವಾಗ ಯೋಚನೆ ಹತ್ತಿತು. ಒಂದಕ್ಷರ ಬಾರದ ಭಾಷೆ. ಆ ಮನುಷ್ಯ ಎರಡನೇ ಸಲ ನಡುರಂಗದಲ್ಲಿ ನಿಂತುಬಿಟ್ಟರೆ ಅದರ ಪಾಪ ಯಾರ ತಲೆಗೆ?

ಅಜ್ಜಾರು ಪೆಟ್ಟಿಗೆಯ ತಳದಿಂದ ಮಾರ್ತಾಳ ಪುಸ್ತಕ ತೆಗೆದುಕೊಟ್ಟರು. ವಸುಧಾ ಬಿಚ್ಚಿ ನೋಡಿದರೆ ಅಚ್ಚಿನ ಸಾಲುಗಳ ನಡುವೆಲ್ಲ ಸೀಸದ ಕಡ್ಡಿಯ ಗುರುತು. ಉಸಿರಿಗೊಂದು ಗೆರೆ. ನಿಲ್ಲುವಲ್ಲಿ ಎರಡು ಗೆರೆ. ಮರೆಯುವಲ್ಲಿ ಸೊನ್ನೆಯ ಬದಲು ಒಂದು ಪುಟ್ಟ ಹಕ್ಕಿ. ಎಲ್ಲಿಯ ಗೋಟೆಬೋರ್ಗ್, ಎಲ್ಲಿಯ ಧರಮಪೇಠ. ಮುಖ ನೋಡದ ಆ ಹೆಂಗಸು ತನ್ನ ಒಡಹುಟ್ಟಿದವಳು ಅನ್ನಿಸಿತು. ವಸುಧಾ ಆ ಹಕ್ಕಿಗಳ ಮೇಲೆ ಮೆಲ್ಲಗೆ ಬೆರಳಾಡಿಸಿದಳು.

ಅಜ್ಜಾರು ಕರೀನಳ ಟೇಪ್‌ರೆಕಾರ್ಡರಿನಲ್ಲಿ ಪುಸ್ತಕ ನೋಡಿಕೊಂಡು ಮಾತನ್ನೆಲ್ಲ ಓದಿಕೊಟ್ಟರು. ವಸುಧಾ ಅದನ್ನು ಹಿಂದೆ ಮುಂದೆ ತಿರುಗಿಸಿ ಕೇಳುತ್ತ, ಸೀತಾಬರ್ಡಿ ಪೇಟೆಯಿಂದ ತಂದ ಉದ್ದ ನೋಟ್‌ಬುಕ್ಕಿನಲ್ಲಿ ಸ್ವೀಡಿಷ್ ಮಾತುಗಳನ್ನು ಕನ್ನಡ ಅಕ್ಷರದಲ್ಲಿ ಇಳಿಸಿದಳು. ಬಳಗದ ಮಕ್ಕಳಿಗೆ ಕನ್ನಡವನ್ನು ದೇವನಾಗರಿಯಲ್ಲಿ ಬರೆದುಕೊಟ್ಟ ಕೈಗೆ ಇದು ಹೊಸದಲ್ಲ. ಕನ್ನಡದಲ್ಲಿ ಇಲ್ಲದ ಸ್ವರ ಬಂದರೆ ಅಕ್ಷರದ ತಲೆಯ ಮೇಲೆ ಚುಕ್ಕೆ ಇಟ್ಟಳು. ಪ್ರತಿ ಸಾಲಿನ ಅರ್ಥ ಕೇಳಿ ಬದಿಗೆ ಬರೆದುಕೊಂಡಳು. ದೀಪಸ್ತಂಭಕ್ಕೆ ಕರೆಂಟಿನ ದೀಪ ಬಂದಿದೆ, ಇನ್ನು ಕಾಯುವವನು ಬೇಡ. ಮುದುಕ ಕೊನೆಯ ಸಲ ದೀಪ ಒರೆಸುತ್ತ, ತಾನು ದಡ ಕಾಣಿಸಿದ ಹಡಗುಗಳನ್ನೆಲ್ಲ ಒಂದೊಂದಾಗಿ ನೆನೆಯುತ್ತಾನೆ. ಇಷ್ಟೇ.

ಮೊದಲ ತಾಲೀಮಿನಲ್ಲಿ ವಸುಧಾ ದೊಡ್ಡ ತಪ್ಪು ಮಾಡಿದಳು. ಬಳಗದ ರೂಢಿಯಂತೆ ಇಡೀ ಸಾಲನ್ನೇ ಗಡಗಡ ಸುರಿದಳು. ಅಲ್ಲಿ ಸುರಿಯದಿದ್ದರೆ ನಾಟಕವೇ ಮುಂದೆ ಹೋಗುತ್ತಿರಲಿಲ್ಲ. ಅಜ್ಜಾರು ಕೈ ಎತ್ತಿ ನಿಲ್ಲಿಸಿದರು.

"ಎಲ್ಲವನ್ನೂ ನೀವೇ ಹೇಳಿದರೆ ನಾನೇನು ಹೇಳಲಿ? ಮೊದಲ ಶಬ್ದ ಸಾಕು. ಅದೂ ನಾನು ಕೇಳಿದಾಗ ಮಾತ್ರ."

"ನೀವು ಕೇಳಿದ್ದು ನನಗೆ ಹೇಗೆ ಗೊತ್ತಾಗಬೇಕು?"

"ಅದೇ ನಿಮ್ಮ ವಿದ್ಯೆ" ಎಂದು ನಕ್ಕರು.

ನಲವತ್ತು ದಿನ ಬೆಳಿಗ್ಗೆ ಬೆಳಿಗ್ಗೆ ಆ ವಿದ್ಯೆ ನಡೆಯಿತು. ಬೇಕೆಂದು ನಿಂತಾಗ ಅವರ ಎಡಗೈ ಕಲ್ಲಿನ ಹಾಗೆ ಇರುತ್ತಿತ್ತು. ಮರೆತಾಗ ಹೆಬ್ಬೆರಳು ಉಜ್ಜುತ್ತಿತ್ತು. ಎಲ್ಲಕ್ಕಿಂತ ಕಷ್ಟದ್ದು ನಡುವಿನ ಒಂದು ಮೌನ. ಮುದುಕನಿಗೆ ತಾನು ಉಳಿಸಲಾಗದೆ ಹೋದ ಒಂದು ಹಡಗು ನೆನಪಾಗುವ ಜಾಗ. ಅಲ್ಲಿ ಮಾರ್ತಾಳ ಪುಸ್ತಕದಲ್ಲಿ ಎರಡು ಗೆರೆಯ ಮುಂದೆ ಏಳು ಎಂಬ ಅಂಕಿ ಇತ್ತು. ಏಳು ಉಸಿರು ಕಾಯಬೇಕು. ಉಮಾಪತಿ ಮೆಟ್ಟಿಲ ಬುಡದಲ್ಲಿ ನಿಂತು, "ಮನ್ಯಾಗಿನ ರಾಜಾನ ಮಾತು ಯಾರು ಬರಿಯವ್ರು?" ಎಂದು ಗೊಣಗುತ್ತಿದ್ದ. ಗೊಣಗುತ್ತಲೇ ತಾನೇ ಚಹಾ ಕಾಸಿಕೊಂಡು ಡ್ಯೂಟಿಗೆ ಹೋಗುತ್ತಿದ್ದ.

ಭಾನುವಾರ ಬಂತು. ಬಾಡಿಗೆಯ ಸಭಾಗೃಹ ತುಂಬಿತ್ತು, ಪಕ್ಕದ ಊರು ಕಾಮಠಿಯಿಂದಲೂ ಜನ ಬಂದಿದ್ದರು. ಮೊದಲು ಬಳಗದ ನಾಟಕ. ಉಮಾಪತಿ ಎಂದಿನಂತೆ ಗುಡುಗಿದ, ವಸುಧಾ ಎಂದಿನಂತೆ ಸುರಿದಳು. ಆಮೇಲೆ ಬಿಂದುಮಾಧವರಾಯರು ಬಂದು ದೀಪಸ್ತಂಭದ ಕಥೆಯನ್ನು ಕನ್ನಡದಲ್ಲಿ ನಾಲ್ಕು ಮಾತಿನಲ್ಲಿ ತಿಳಿಸಿ, ಕೆಳಗಿಳಿದು ಮುಂದಿನ ಸಾಲಿನಲ್ಲಿ ಕೂತರು. ಕಿರೀಟ ಇಳಿಸಿದ ಉಮಾಪತಿಯೂ ಅರ್ಧ ಬಣ್ಣ ಒರೆಸಿಕೊಂಡು ಅವರ ಪಕ್ಕ ಬಂದು ಕೂತ. ವಿಂಗಿನಲ್ಲಿ ಉಳಿದವರು ವಸುಧಾ ಮತ್ತು ಪರದೆಯ ಹಗ್ಗ ಹಿಡಿದ ದೊಡ್ಡಯ್ಯ.

ಪರದೆ ಎದ್ದಿತು. ಅಜ್ಜಾರ ಕೈಯಲ್ಲಿ ಉಮಾಪತಿಯ ರೈಲ್ವೆ ಲಾಟೀನು, ಮೈಮೇಲೆ ಹಳೆಯ ಸ್ವೆಟರು. ಮೊದಲ ಮಾತಿಗೇ ಸಭಾಗೃಹದ ಗುಜುಗುಜು ಅಡಗಿತು. ಏನು ದನಿ ಅದು. ಕೂಗಲಿಲ್ಲ, ಗುಡುಗಲಿಲ್ಲ, ಕೊನೆಯ ಸಾಲಿನ ಮಗುವಿನ ಕಿವಿಗೂ ಹೋಗಿ ಕೂತಿತು. ಭಾಷೆ ಬಾರದ ಜನ ಮುಂದಕ್ಕೆ ಬಾಗಿ ಕೇಳಿದರು. ವಸುಧಾ ಕೆಂಪು ಕಾಗದ ಸುತ್ತಿದ ಸಣ್ಣ ಬ್ಯಾಟರಿಯ ಬೆಳಕಲ್ಲಿ ಬೆರಳನ್ನು ತನ್ನ ನೋಟ್‌ಬುಕ್ಕಿನ ಸಾಲಿನ ಮೇಲೆ ಸರಿಸುತ್ತ ಹೋದಳು. ಎರಡು ಕಡೆ ಹೆಬ್ಬೆರಳು ಅಲುಗಿತು, ಎರಡು ಕಡೆ ಬರೀ ಉಸಿರಿನಂಥ ದನಿಯಲ್ಲಿ ಶಬ್ದ ಕೊಟ್ಟಳು, ಅಜ್ಜಾರು ಹೂ ಎತ್ತಿಕೊಂಡಷ್ಟು ಹಗುರಾಗಿ ಎತ್ತಿಕೊಂಡರು.

ಆಮೇಲೆ ಆ ಮೌನ ಬಂತು.

ಅಜ್ಜಾರು ಲಾಟೀನು ಕೆಳಗಿಟ್ಟು ಕತ್ತಲ ಕಡೆ ನೋಡುತ್ತ ನಿಂತರು. ಒಂದು ಉಸಿರು, ಎರಡು, ಮೂರು. ದೊಡ್ಡಯ್ಯ ಚಡಪಡಿಸಿದ. ಅವನು ಕಂಡ ನಾಟಕಗಳಲ್ಲಿ ಇಷ್ಟು ಹೊತ್ತು ಯಾರೂ ಸುಮ್ಮನಿದ್ದುದಿಲ್ಲ.

"ಅಕ್ಕಾರ, ಮುದುಕ ಮರತಾನ. ಜಲ್ದಿ ಹೇಳ್ರಿ" ಎಂದು ಪಿಸುಗುಟ್ಟಿದ.

ವಸುಧಾ ತಲೆಯಾಡಿಸಿದಳು. ನಾಲ್ಕು. ಐದು. ಅಜ್ಜಾರ ಎಡಗೈ ಕಲ್ಲಿನ ಹಾಗಿತ್ತು.

"ಮರ್ಯಾದಿ ಹೋಗ್ತೈತ್ರಿ. ಪರದೆ ಬಿಡತೇನಿ" ಎಂದು ದೊಡ್ಡಯ್ಯ ಹಗ್ಗದ ಗಂಟಿಗೆ ಕೈ ಹಾಕಿದ. ವಸುಧಾ ಸ್ಟೂಲಿನಿಂದ ಎದ್ದು, ಒಂದು ಕೈಯಲ್ಲಿ ಪುಸ್ತಕ, ಬ್ಯಾಟರಿ ಎರಡನ್ನೂ ಹಿಡಿದು, ಇನ್ನೊಂದು ಕೈಯಲ್ಲಿ ಹಗ್ಗವನ್ನು ಅವನ ಕೈ ಸಮೇತ ಬಿಗಿಯಾಗಿ ಹಿಡಿದಳು. ಜನ್ಮದಲ್ಲಿ ಯಾರ ಕೈಯನ್ನೂ ಹಾಗೆ ಹಿಡಿದವಳಲ್ಲ. ದೊಡ್ಡಯ್ಯ ಹೌಹಾರಿ ಸುಮ್ಮನಾದ. ಆರು. ಏಳು. ಸಭಾಗೃಹದಲ್ಲಿ ಒಂದು ಕೆಮ್ಮಿಲ್ಲ, ಒಂದು ಕುರ್ಚಿಯ ಕಿರಗುಟ್ಟುವಿಕೆ ಇಲ್ಲ. ಮುಳುಗಿದ ಹಡಗು ಎಲ್ಲರಿಗೂ ಕಾಣಿಸಿತ್ತು.

ಎಂಟನೇ ಉಸಿರಿಗೆ ಹೆಬ್ಬೆರಳು ಅಲುಗಿತು.

"ಹಾವೆತ್" ಎಂದಳು ವಸುಧಾ.

"ಹಾವೆತ್" ಎಂದರು ಅಜ್ಜಾರು, ಐವತ್ತು ವರ್ಷ ಎದೆಯಲ್ಲಿಟ್ಟುಕೊಂಡ ಹೆಸರೊಂದನ್ನು ಕರೆದ ಹಾಗೆ. ಮೂರನೇ ಸಾಲಿನಲ್ಲಿ ಯಾರೋ ಬಿಕ್ಕಿದರು. ಅಲ್ಲಿಂದ ಮುಂದೆ ಅವರ ನೆನಪು ಪೂರ್ತಿ ಕೈಕೊಟ್ಟಿತು. ಪ್ರತಿ ಸಾಲಿಗೂ ಹೆಬ್ಬೆರಳು ಕೇಳಿತು, ಪ್ರತಿ ಸಾಲಿಗೂ ವಸುಧಾ ಒಂದೊಂದೇ ಶಬ್ದ ಕೊಟ್ಟಳು. ಹದಿನೇಳು ಶಬ್ದ. ಮುಂದಿನ ಸಾಲಿನಲ್ಲಿ ಕೂತವರಿಗೂ ಒಂದೂ ಕೇಳಿಸಲಿಲ್ಲ. ಬೆವರಿಗೆ ಅವಳ ಕುಪ್ಪಸ ಬೆನ್ನಿಗಂಟಿತು. ಕೊನೆಯ ಮಾತನ್ನು ಮಾತ್ರ ಅಜ್ಜಾರು ತಾವೇ ಹೇಳಿದರು. ಲಾಟೀನು ಎತ್ತಿ, ಬತ್ತಿ ಇಳಿಸಿ, ಆರಿಸಿದರು. ಆಗ ವಸುಧಾ ಹಗ್ಗ ಬಿಟ್ಟಳು, ದೊಡ್ಡಯ್ಯ ಮೆಲ್ಲಗೆ ಪರದೆ ಇಳಿಸಿದ.

ಮತ್ತೆ ಪರದೆ ಎದ್ದಾಗ ಜನ ಎದ್ದು ನಿಂತಿದ್ದರು. ಬಿಂದುಮಾಧವರಾಯರು ಶಾಲು ಹೊದಿಸಿ, ಮೈಕು ಹಿಡಿದು, ಎಲ್ಲರಿಗೂ ತಿಳಿಯಲೆಂದು ಕನ್ನಡದಲ್ಲೂ ಇಂಗ್ಲಿಷಿನಲ್ಲೂ ಹೇಳಿದರು: "ಎಪ್ಪತ್ತೆರಡರ ವಯಸ್ಸು. ಪ್ರಾಂಪ್ಟಿಂಗ್ ಇಲ್ಲ, ಏನಿಲ್ಲ. ಒಂದು ಶಬ್ದ ತಪ್ಪಲಿಲ್ಲ. ನಮ್ಮ ಹುಡುಗರು ಇದನ್ನ ನೋಡಿ ಕಲಿಬೇಕಾದದ್ದು ಭಾಳ ಅದ."

ಅಜ್ಜಾರ ಮುಖ ಬಿಗಿಯಿತು. ಮೈಕಿನ ಕಡೆ ಕೈ ಚಾಚಿದರು. ಅವರು ಏನು ಹೇಳಲಿದ್ದಾರೆಂದು ವಸುಧಾಳಿಗೆ ಗೊತ್ತಾಯಿತು. ಇಪ್ಪತ್ತೆರಡು ವರ್ಷ ಕಾದಿದ್ದ ಹೆಸರು ಈಗ ಮೈಕಿನಲ್ಲಿ ಬರಲಿತ್ತು. ಆದರೆ ಅದರ ಬೆನ್ನಿಗೇ ಅಜ್ಜಾರು ಮರೆತದ್ದೂ ಬರಲಿತ್ತು. ಅವರು ಅಲ್ಲಿ ಮರೆಯದೇ ನಿಂತರು ಎಂದು ಐನೂರು ಜನ ನಂಬಿದ್ದರು, ಆ ನಂಬಿಕೆಯನ್ನು ಕಟ್ಟಿದವಳು ಅವಳು. ತಾನೇ ಕಟ್ಟಿದ್ದನ್ನು ತಾನೇ ಹೇಗೆ ಕೆಡವುವುದು? ಅವಳು ವಿಂಗಿನಿಂದ ಅವರನ್ನೇ ನೋಡುತ್ತ, ಬೇಡ ಎಂದು ತಲೆಯಾಡಿಸಿದಳು.

ಅಜ್ಜಾರ ಕೈ ಅಲ್ಲೇ ನಿಂತಿತು. ಒಂದು ಗಳಿಗೆ ಅವಳನ್ನು ನೋಡಿದರು. ಆಮೇಲೆ ಜನರಿಗೆ ಬೆನ್ನು ತಿರುಗಿಸಿ, ಎಡಗಡೆ ವಿಂಗಿನ ಕತ್ತಲೆಗೆ ಎದುರಾಗಿ ನಿಂತು, ಹೆಗಲ ಮೇಲಿನ ಶಾಲು ನೆಲ ಮುಟ್ಟುವಷ್ಟು ಬಾಗಿದರು. ಬಾಗಿದವರು ಬೇಗ ಏಳಲಿಲ್ಲ. ಸಭೆಯಲ್ಲಿ ಪ್ರೀತಿಯ ನಗು ಎದ್ದಿತು. ಮುದುಕರಿಗೆ ದೀಪದ ಬೆಳಕಿಗೆ ಕಣ್ಣು ಕತ್ತಲಿಟ್ಟು ದಿಕ್ಕು ತಪ್ಪಿತೆಂದು ಬಿಂದುಮಾಧವರಾಯರು ಭುಜ ಹಿಡಿದು ಜನರ ಕಡೆ ತಿರುಗಿಸಿದರು. ಆಗ ಅಜ್ಜಾರು ಜನರಿಗೂ ಬಾಗಿದರು. ವಸುಧಾ ಪುಸ್ತಕವನ್ನು ಎದೆಗವಚಿಕೊಂಡು ನಿಂತಿದ್ದಳು. ತಾನು ಇಷ್ಟು ಎತ್ತರದ ಹೆಂಗಸು ಎಂದು ಅವಳಿಗೆ ಆವತ್ತಿನವರೆಗೆ ಗೊತ್ತಿರಲಿಲ್ಲ.

ಊಟ ಮುಗಿಸಿ ಸ್ಕೂಟರಿನಲ್ಲಿ ಮನೆಗೆ ಹೊರಟರು. ಜನವರಿಯ ಚಳಿ ಮೂಗು ಕೊರೆಯುತ್ತಿತ್ತು. ಉಮಾಪತಿ ಮಫ್ಲರಿನ ಒಳಗಿಂದಲೇ ಮಾತಾಡುತ್ತಿದ್ದ.

"ಏನ ನೆನಪಿನ ಶಕ್ತಿ ಅಜ್ಜಾರದು. ಒಂದೂ ಮಾತು ತಪ್ಪಲಿಲ್ಲ ನೋಡು. ಕಡೀಕ ಪಾಪ, ದಿಕ್ಕ ತಪ್ಪಿ ಆ ಕಡೆ ಕೈ ಮುಗದ್ರು."

"ದಿಕ್ಕೂ ತಪ್ಪಲಿಲ್ಲರಿ" ಎಂದಳು ವಸುಧಾ.

ಉಮಾಪತಿ ಏನೋ ಹೇಳಲು ಹೋಗಿ ನಿಲ್ಲಿಸಿದ. ಸ್ಕೂಟರಿನ ವೇಗ ತಾನಾಗಿ ಕಡಿಮೆಯಾಯಿತು. ಲಾ ಕಾಲೇಜು ಚೌಕದ ಸಿಗ್ನಲಿನಲ್ಲಿ ಕಾಲೂರಿ ನಿಂತ. ಹಸಿರು ಬಂದರೂ ಹೊರಡಲಿಲ್ಲ. ಹಿಂದಿನ ಆಟೋದವನು ಹಾರ್ನ್ ಹೊಡೆದು, ಬದಿಯಿಂದ ಬಳಸಿಕೊಂಡು ಹೋದ. ಆ ಮೌನ ಬೇಕೆಂದು ನಿಂತದ್ದಲ್ಲ, ಮಾತು ಸಿಗದೆ ನಿಂತದ್ದು ಎಂದು ವಸುಧಾಳಿಗೆ ಗೊತ್ತಾಯಿತು. ಆದರೆ ಈ ಸಲ ಅವಳು ಎತ್ತಿಕೊಡಲಿಲ್ಲ.

ಕೊನೆಗೆ ಉಮಾಪತಿ, ಹಿಂದೆ ತಿರುಗದೆ, ಸಣ್ಣ ದನಿಯಲ್ಲಿ ಕೇಳಿದ.

"ಪುಸ್ತಕ ಎಲ್ಲೈತಿ?"

"ತೊಡಿ ಮ್ಯಾಲೆ ಐತ್ರಿ."

"ಗಟ್ಟಿ ಹಿಡ್ಕೊ. ಗಾಳಿ ಭಾಳ ಐತಿ" ಎಂದು ಉಮಾಪತಿ ಸ್ಕೂಟರನ್ನು ಮೆಲ್ಲಗೆ ಮುಂದಕ್ಕೆ ಬಿಟ್ಟ.